ಕಾಲರ್ ಮೈಕು

ಮೇಜಿನ ಅಡಿಯಲ್ಲಿ ಮಂಡಿಯೂರಿ, ಬಾಯಲ್ಲಿ ಟೇಪಿನ ತುದಿ ಕಚ್ಚಿಕೊಂಡು, ಎಲ್ಲರೂ ಕಿವಿ ಎಂದೇ ಕರೆಯುವ ಅವನು ಸ್ಪೀಕರಿನ ವೈರು ಸುತ್ತುತ್ತಿದ್ದಾಗ ಎರಡು ಪಾದಗಳು ಬಂದು ಎದುರಿಗೆ ನಿಂತವು. ಅತ್ತಿಗೆಯ ಪಾದಗಳು.

“ಕಿವಿ, ಹೊರಗೆ ಬಾ. ಒಂದು ಮಾತು ಕೇಳಬೇಕು.”

“ಇಲ್ಲೊಂದು ಲೂಸ್ ಕನೆಕ್ಷನ್ ಇದೆ ಅತ್ತಿಗೆ. ನೀವು ನಡೀರಿ, ಬಂದೆ.”

ಲೂಸ್ ಕನೆಕ್ಷನ್ನೂ ಇರಲಿಲ್ಲ, ಮಣ್ಣಾಂಗಟ್ಟಿಯೂ ಇರಲಿಲ್ಲ. ಪಾದಗಳು ಸ್ವಲ್ಪ ಹೊತ್ತು ಅಲ್ಲೇ ಇದ್ದವು. ಆಮೇಲೆ ತಿರುಗಿ, ಕುರ್ಚಿಗಳ ಸಾಲು ದಾಟಿ ಒಳಗೆ ಹೋದವು. ಕಿವಿ ಉಸಿರು ಬಿಟ್ಟ. ಬೆಳಗಿನಿಂದ ಇದು ಮೂರನೇ ಸಲ ಅವರಿಂದ ತಪ್ಪಿಸಿಕೊಂಡಿದ್ದು. ಮೊದಲನೇ ಸಲ ಬಚ್ಚಲಿಗೆ ಹೋಗಿ ಚಿಲಕ ಹಾಕಿಕೊಂಡಿದ್ದ, ಎರಡನೇ ಸಲ ಕುರ್ಚಿ ಇಳಿಸುವವರ ಜೊತೆ ಸೇರಿ ಮೈಮುರಿದು ಕುರ್ಚಿ ಹೊತ್ತಿದ್ದ.

ಮುಂದಿನ ಕೋಣೆಯಲ್ಲಿ ಅಣ್ಣ ಬಿಳಿ ಹೊದಿಕೆಯಡಿ ಮಲಗಿದ್ದರು. ಮೂರು ಗಂಟೆಗೆ ಎತ್ತುವುದು ಎಂದು ಹಿರಿಯರು ನಿಶ್ಚಯಿಸಿದ್ದರು. ಅದಕ್ಕೆ ಮೊದಲು ಅಂಗಳದಲ್ಲಿ ನಾಲ್ಕು ಮಾತಾಡಬೇಕು, ಮಾತಾಡಲು ಮೈಕು ಬೇಕು, ಮೈಕು ಅಂದಮೇಲೆ ಕಿವಿ ಬೇಕು. ಇಪ್ಪತ್ತೆರಡು ವರ್ಷ ಅಣ್ಣನ ದನಿ ಹಿಡಿದವನು ಅವರ ಸಾವಿಗೂ ವೈರು ಎಳೆಯಬೇಕಾಗಿ ಬಂತಲ್ಲ ಎಂದು ಬಂದವರು ಮರುಗುತ್ತಿದ್ದರು. ಮರುಗಲಿ ಬಿಡಿ, ಕಿವಿಗೆ ಮಾತ್ರ ಈ ಕೆಲಸ ಸಿಕ್ಕಿದ್ದೇ ದೊಡ್ಡ ಪುಣ್ಯವಾಗಿತ್ತು. ಮೇಜಿನ ಅಡಿಯಲ್ಲಿರುವವನನ್ನು ಯಾರೂ ಏನೂ ಕೇಳುವುದಿಲ್ಲ.

ಅಂಗಿಯ ಜೇಬು ಮುಟ್ಟಿ ನೋಡಿಕೊಂಡ. ಅಲ್ಲೇ ಇತ್ತು. ಉಗುರಿನಷ್ಟಗಲದ ಮೆಮೊರಿ ಕಾರ್ಡು. ಬೆಳಗಿನಿಂದ ಅದನ್ನು ಪ್ಯಾಂಟಿನ ಜೇಬಿನಿಂದ ಪರ್ಸಿಗೆ, ಪರ್ಸಿನಿಂದ ಅಂಗಿಯ ಜೇಬಿಗೆ ದಾಟಿಸುತ್ತಲೇ ಇದ್ದ. ಬಿಸಾಡಲು ಎರಡು ಸಲ ಚರಂಡಿಯ ಹತ್ತಿರ ಹೋಗಿ ನಿಂತಿದ್ದ, ಕೈ ಬಂದಿರಲಿಲ್ಲ. ಅದರಲ್ಲಿ ಅಣ್ಣನ ಕೊನೆಯ ಮಾತಿತ್ತು. ಏನು ಮಾತು ಅನ್ನುವುದು ಅವನಿಗೂ ಗೊತ್ತಿರಲಿಲ್ಲ. ಕೇಳುವ ಧೈರ್ಯವಾಗಿರಲಿಲ್ಲ.

ಎಲ್ಲರಿಗೂ ಅವನು ಹೇಳಿದ್ದು ಒಂದೇ ಕಥೆ. ಬ್ಯಾಟರಿ ಸತ್ತುಹೋಗಿತ್ತು, ಬೇರೆ ಬ್ಯಾಟರಿ ತರಲು ಜೀಪಿಗೆ ಹೋಗಿದ್ದೆ, ಬರುವಷ್ಟರಲ್ಲಿ ಅಣ್ಣ ಇರಲಿಲ್ಲ, ಹತ್ತಿರದಲ್ಲಿ ಕರಡಿಯ ಹೆಜ್ಜೆಯಿತ್ತು.

*

ಇಪ್ಪತ್ತೆರಡು ವರ್ಷದ ಹಿಂದೆ ಕಿವಿ ಒಂದು ಸಭಾಭವನದಲ್ಲಿ ಮೈಕ್ ಆಪರೇಟರ್. ಭಾಷಣಕಾರರ ಗಂಟಲು ಏರಿದಾಗ ಸದ್ದು ಇಳಿಸುವುದು, ಗಂಟಲು ಬಿದ್ದಾಗ ಏರಿಸುವುದು, ಇಷ್ಟೇ ಬದುಕು. ಒಂದು ದಿನ ಮಾಸಲು ಟೋಪಿಯ ಒಬ್ಬರು ಬಂದು, ಕಪ್ಪೆಗಳ ದನಿ ಹಿಡಿಯಬೇಕು, ಬರ್ತೀಯಾ ಎಂದು ಕೇಳಿದರು. ಕಾಡುಪ್ರಾಣಿಗಳ ಸಿನಿಮಾ ಮಾಡುವವರು ಎಂದು ಗೊತ್ತಾದಾಗ ಕಿವಿ ಇದ್ದ ವಿಷಯ ಇದ್ದಂತೆ ಹೇಳಿಬಿಟ್ಟ. ಸಾರ್, ನನಗೆ ಹಲ್ಲಿ ಕಂಡರೂ ಭಯ.

“ಅದಕ್ಕೇ ನೀನು ಬೇಕು” ಅಂದರು ಅವರು. “ಧೈರ್ಯಸ್ಥರಿಗೆ ಏನೂ ಕೇಳಿಸಲ್ಲಪ್ಪ. ಹೆದರುವವನ ಕಿವಿ ಎಷ್ಟು ಚುರುಕು ಅಂತ ನನಗೆ ಗೊತ್ತು. ನಾನೂ ಹೆದರುವವನೇ.”

ಹಾಗೆ ಅವನು ಕಿವಿಯಾದ, ಅವರು ಅವನಿಗೆ ಅಣ್ಣನಾದರು. ಅಣ್ಣ ಎಲ್ಲರಿಗೂ ಹೆಸರಿಡುತ್ತಿದ್ದರು. ಸಿನಿಮಾಗಳಿಗೆ ನಿರೂಪಣೆಯ ದನಿ ಕೊಡುವವನು ಗಂಟಲು. ಮನೆಯ ಹಿಂದಿನ ಕೋಣೆಯಲ್ಲಿ ಕೂತು ಚಿತ್ರ ಕತ್ತರಿಸಿ ಜೋಡಿಸುವ ಹೆಂಡತಿ ಕತ್ತರಿ. ತಾವು ಮಾತ್ರ ಕೂಲಿ. ಮಕ್ಕಳಿರಲಿಲ್ಲ. ಯಾರಾದರೂ ಕೇಳಿದರೆ, ಕಾಡಿನಲ್ಲಿರೋ ಮರಿಗಳನ್ನು ನೋಡಿಕೊಳ್ಳೋದೇ ಸಾಕಾಗಿದೆ ಅನ್ನುತ್ತಿದ್ದರು.

ಅಣ್ಣನಿಗೆ ಒಂದು ಅಭ್ಯಾಸವಿತ್ತು. ಕಾಲರಿಗೆ ಸಣ್ಣ ಮೈಕು ಸಿಕ್ಕಿಸಿಕೊಂಡು, ಪ್ರತಿ ಶಾಟಿಗೂ ಅದರಲ್ಲಿ ಟಿಪ್ಪಣಿ ಹೇಳುವುದು. ಎಷ್ಟನೇ ಶಾಟು, ಗಾಳಿ ಎತ್ತಲಿಂದ, ಯಾರು ಎಲ್ಲಿದ್ದಾರೆ. ಅದು ವೈರಿಲ್ಲದ ಮೈಕು. ದನಿ ಬಂದು ಸೇರುವುದು ಕಿವಿಯ ಹೆಗಲಚೀಲದ ರೆಕಾರ್ಡರಿಗೆ, ಅವನ ಹೆಡ್‌ಫೋನಿಗಲ್ಲ. ಊರಿಗೆ ಮರಳಿದ ಮೇಲೆ ಅತ್ತಿಗೆ ಅದನ್ನು ಕೇಳಿಕೊಂಡೇ ಚಿತ್ರ ಜೋಡಿಸುತ್ತಿದ್ದರು. ‘ಕತ್ತರಿ, ಇದನ್ನು ಬಿಸಾಕು, ಕೈ ನಡುಗಿದೆ.’ ‘ಕತ್ತರಿ, ಇವತ್ತು ನಿನ್ನ ಹುಟ್ಟಿದ ದಿನ ಅಂತ ಈಗ ನೆನಪಾಯ್ತು, ಬೈಕೋಬೇಡ.’ ವರ್ಷದಲ್ಲಿ ಎಂಟು ತಿಂಗಳು ಮನೆಯಲ್ಲಿರದ ಗಂಡ ಹೆಂಡತಿಯ ಹತ್ತಿರ ಮಾತಾಡುತ್ತಿದ್ದುದು ಹೀಗೆ.

ಹೆದರಿಕೆಯಿಂದ ಕಿವಿಗೆ ಆದ ಉಪಕಾರವೂ ಇತ್ತು. ಎಲೆ ಅಲುಗುವ ಮೊದಲೇ ಅವನಿಗೆ ಕೇಳಿಸುತ್ತಿತ್ತು, ಅಣ್ಣನ ತೋಳು ಜಿಗುಟುತ್ತಿದ್ದ, ಇಬ್ಬರೂ ಸದ್ದಿಲ್ಲದೆ ಹಿಂದೆ ಸರಿಯುತ್ತಿದ್ದರು. ಸರಿಯಲು ಹೊತ್ತಿಲ್ಲದಿದ್ದಾಗ ಒಂದೇ ನಿಯಮ: ಓಡಕೂಡದು. ಹೆಗಲಿಗೆ ಹೆಗಲು ಕೊಟ್ಟು ನಿಲ್ಲಬೇಕು, ಮೆಲ್ಲಗೆ ಮಾತಾಡುತ್ತಿರಬೇಕು. ಎರಡು ಸಲ ಹಾಗೆ ನಿಂತಿದ್ದರು. ಎರಡು ಸಲವೂ ಕಿವಿ ಅಣ್ಣನ ಬೆಲ್ಟು ಹಿಡಿದುಕೊಂಡಿದ್ದ.

*

ಒಂದು ಗಂಟೆಗೆ ಅಂಗಳ ತುಂಬಿತು. ಗಂಟಲು ನಾಲ್ಕೈದು ಜನರನ್ನು ಸುತ್ತ ಕೂರಿಸಿಕೊಂಡು ಹಳೆಯದನ್ನೆಲ್ಲ ತೆಗೆದಿದ್ದ. ಮೊದಮೊದಲು ಕಾಡಿಗೆ ಹೋಗಲು ಗತಿಯಿಲ್ಲದೆ ಅಣ್ಣ ಅಡುಗೆಮನೆಯ ಇರುವೆಗಳನ್ನೇ ತಿಂಗಳಾನುಗಟ್ಟಲೆ ಚಿತ್ರಿಸಿದ್ದು, ಇರುವೆ ಓಡಿಸಬಾರದೆಂದು ಅತ್ತಿಗೆಗೆ ಸಕ್ಕರೆ ಡಬ್ಬಿ ಮುಚ್ಚಲೂ ಬಿಡದಿದ್ದದ್ದು. ಹೊಟ್ಟೆಪಾಡಿಗೆ ಮದುವೆ ವಿಡಿಯೋ ಮಾಡಲು ಹೋಗಿ, ಹುಡುಗ ಹುಡುಗಿಯನ್ನು ಬಿಟ್ಟು ತೂಗುದೀಪದ ಬುಟ್ಟಿಯಲ್ಲಿ ಗೂಡು ಕಟ್ಟಿದ್ದ ಗುಬ್ಬಿಯನ್ನೇ ಒಂದು ಗಂಟೆ ಹಿಡಿದು ತಂದದ್ದು. ಹುಡುಗಿಯ ಅಪ್ಪ ಮನೆಯ ತನಕ ಬಂದು ಕೂಗಾಡಿದ್ದು. ಕೇಳಿದವರು ನಕ್ಕರು, ನಕ್ಕು ಕಣ್ಣೊರೆಸಿಕೊಂಡರು. ನಿನ್ನಂಥ ಧೈರ್ಯ ಯಾರಿಗಿತ್ತು ಎಂದು ಅಣ್ಣನ ಸೋದರಮಾವ ಹೊದಿಕೆಯ ಕಡೆ ನೋಡಿ ಗೊಣಗಿದರು. ಎಂಬತ್ತು ದಾಟಿದ ಅವರಿಗೆ ಸ್ವಲ್ಪ ಕಿವುಡು, ಹಾಗಾಗಿ ಗೊಣಗಿದ್ದು ಅಂಗಳಕ್ಕೆಲ್ಲ ಕೇಳಿಸಿತು.

ಗಂಟಲು ಆಗ ಕಿವಿಯನ್ನು ಕರೆದ. ಎತ್ತುವ ಮೊದಲು ಅಣ್ಣನ ದನಿ ಒಂದು ಸಲ ಎಲ್ಲರೂ ಕೇಳಬೇಕು, ಹಳೆಯದಲ್ಲ, ಕೊನೆಯದು, ಏನಾದರೂ ಇದ್ದೇ ಇರುತ್ತದೆ, ಹುಡುಕು ಅಂದ. ಬ್ಯಾಟರಿ ಸತ್ತಿತ್ತು ಎಂದು ಕಿವಿ ಮತ್ತೊಮ್ಮೆ ಹೇಳಿದ. ಎಷ್ಟು ಸಲ ಹೇಳಿದರೂ ಆ ಮಾತು ಮೊದಲನೇ ಸಲದಷ್ಟೇ ನಡುಗುತ್ತಿತ್ತು. ಪಾಪ, ಎಂಥ ಹೊತ್ತಲ್ಲಿ ಕೈಕೊಡ್ತು ನೋಡಿ ಎಂದು ಯಾರೋ ಲೊಚಗುಟ್ಟಿದರು.

ಬೆನ್ನ ಹಿಂದೆ ಅತ್ತಿಗೆ ನಿಂತಿದ್ದರು. ಈ ಸಲ ಅವರು ಕರೆಯಲಿಲ್ಲ, ಮೊಣಕೈ ಹಿಡಿದು ನೇರ ಹಿಂದಿನ ಕೋಣೆಗೆ ಕರೆದೊಯ್ದು ಬಾಗಿಲು ಮುಚ್ಚಿದರು. ಎರಡು ಪರದೆ, ಒಂದು ಮೇಜು, ಗೋಡೆಯ ತುಂಬ ದಿನಾಂಕ ಬರೆದ ಡಬ್ಬಿಗಳು. ಕಿವಿ ಬಾಗಿಲಿಗೆ ಆತು ನಿಂತ. ಅತ್ತಿಗೆಯ ಕಣ್ಣು ಕೆಂಪಾಗಿತ್ತು, ದನಿ ಗಟ್ಟಿಯಾಗಿತ್ತು.

“ನೀನು ಚಳಿಗಾಲದಲ್ಲಿ ಕಾಲುಚೀಲದೊಳಗೆ ಬ್ಯಾಟರಿ ಇಟ್ಕೊಂಡು ಮಲಗೋನು. ಇಪ್ಪತ್ತೆರಡು ವರ್ಷದಲ್ಲಿ ಒಂದು ಸಲಾನೂ ನಿನ್ನ ಬ್ಯಾಟರಿ ಸತ್ತಿಲ್ಲ. ಮೊನ್ನೆ ಸತ್ತಿತ್ತಾ?”

ಅತ್ತಿಗೆ ಮೇಜಿನ ಮೇಲಿನ ಪರದೆಯ ಕಡೆ ಕೈ ತೋರಿಸಿದರು.

“ಕ್ಯಾಮೆರಾದ ಚಿತ್ರ ನಾನು ನೋಡಿದೀನಿ. ಕರಡಿ ಇವರ ಹತ್ರ ಬರುತ್ತೆ, ತಿರುಗಿ ತೊರೆ ಕಡೆ ಹೋಗುತ್ತೆ. ಸದ್ದಿಲ್ಲ. ಸದ್ದೆಲ್ಲ ನಿನ್ನ ಹತ್ರಾನೇ ತಾನೇ ಇರೋದು?” ಅವರು ಕುರ್ಚಿಯಲ್ಲಿ ಕುಸಿದರು. “ಎರಡು ರಾತ್ರಿಯಿಂದ ಕಣ್ಣು ಮುಚ್ಚಿದರೆ ಅವರು ಕೂಗಿಕೊಳ್ಳೋದೇ ಕೇಳಿಸುತ್ತೆ. ತುಂಬಾ ನರಳಿದ್ರಾ? ನನ್ನ ಕರೆದ್ರಾ? ಅದಕ್ಕೇ ತಾನೇ ನೀನು ಬಚ್ಚಿಟ್ಟಿರೋದು? ಹೇಳಿಬಿಡು ಕಿವಿ. ನನಗೆ ಭಯ ಆಗ್ತಿದೆ.”

ಇದನ್ನು ಅವನು ಎಣಿಸಿರಲಿಲ್ಲ. ಅತ್ತಿಗೆ ತನ್ನನ್ನು ಅನುಮಾನಿಸುತ್ತಿದ್ದಾರೆ ಎಂದುಕೊಂಡು ಓಡಾಡಿದ್ದ. ಅವರೋ, ತಮ್ಮ ನೋವು ನೋಡಲಾರದೆ ಅವನು ಮುಚ್ಚಿಡುತ್ತಿದ್ದಾನೆ ಎಂದುಕೊಂಡಿದ್ದರು. ತನ್ನ ಮಾನ ಉಳಿಸಿಕೊಳ್ಳಲು ಅವನು ಹೇಳಿದ ಸುಳ್ಳು ಎರಡು ರಾತ್ರಿ ಅವರನ್ನು ಬೇಯಿಸಿತ್ತು. ಅವನ ಕೈ ಜೇಬಿಗೆ ಹೋಯಿತು.

“ನಾನು ಕೇಳಿಲ್ಲ ಅತ್ತಿಗೆ” ಅಂದ ಕಾರ್ಡು ಮೇಜಿನ ಮೇಲಿಡುತ್ತ. “ಅವರು ಏನಂದ್ರೋ ನನಗೆ ಗೊತ್ತಿಲ್ಲ. ನಾನು ಅಲ್ಲಿರಲಿಲ್ಲ.”

*

ಮೊನ್ನೆ ಬೆಳಗ್ಗೆ ಆರೂವರೆ. ತೊರೆಯ ಪಕ್ಕ ಬಿದ್ದ ಮರದ ಮರೆಯಲ್ಲಿ ಅಣ್ಣ ಮಡಿಸುವ ಸ್ಟೂಲಿನ ಮೇಲೆ ಕೂತು ಕ್ಯಾಮೆರಾಕ್ಕೆ ಕಣ್ಣು ಹಚ್ಚಿದ್ದರು. ಕಿವಿ ಪಕ್ಕದಲ್ಲಿ ಉದ್ದ ಕೋಲಿನ ಮೈಕು ಹಿಡಿದು ನಿಂತಿದ್ದ. ಜೀಪು ಅರ್ಧ ಮೈಲಿ ಹಿಂದಿತ್ತು. ಆಚೆ ದಡದ ಹಕ್ಕಿಯೊಂದರ ಸಣ್ಣ ದನಿಗಾಗಿ ಅವನು ಸದ್ದಿನ ತಿರುಗಣಿಯನ್ನು ಪೂರ್ತಿ ಏರಿಸಿದ್ದ. ಇಳಿಸಲು ಮರೆತ. ಇಷ್ಟೇ ಅವನ ತಪ್ಪು.

ಕರಡಿ ಪೊದೆಯಿಂದ ಹೊರಬಂದಾಗ ಇಪ್ಪತ್ತು ಮಾರು ದೂರದಲ್ಲಿತ್ತು. ಅದಕ್ಕಿಂತ ಹತ್ತಿರದ ಕರಡಿಗಳನ್ನು ಅವನು ನೋಡಿದ್ದ. ಆದರೆ ಅದು ಮೂಗೆತ್ತಿ ಬುಸ್ಸೆಂದಾಗ, ಆ ಸದ್ದು ಹೆಡ್‌ಫೋನಿನಲ್ಲಿ ಅವನ ಕತ್ತಿನ ಹಿಂದೆಯೇ ಬುಸ್ಸೆಂದಿತು. ಉಸಿರಿನ ಬಿಸಿಯೂ ತಾಗಿದಂತಾಯಿತು. ಕಣ್ಣು ದೂರ ಅನ್ನುತ್ತಿತ್ತು, ಕಿವಿ ಮೈಮೇಲೆ ಬಂತು ಅನ್ನುತ್ತಿತ್ತು. ಹುಟ್ಟಿದಾಗಿನಿಂದ ಅವನು ನಂಬಿದ್ದು ಕಿವಿಯನ್ನೇ. ಕೋಲು ಎಲ್ಲಿ ಬಿತ್ತೋ, ಹೆಡ್‌ಫೋನು ಯಾವಾಗ ಕತ್ತಿಗಿಳಿಯಿತೋ. ಅವನು ಓಡಿದ. ಅಣ್ಣನನ್ನು ಬಿಟ್ಟು, ನಿಯಮ ಬಿಟ್ಟು, ಜೀವ ಕೈಯಲ್ಲಿ ಹಿಡಿದು ಓಡಿದ.

ಜೀಪಿನೊಳಗೆ ಹೊಕ್ಕು ಗಾಜು ಏರಿಸಿಕೊಂಡು ನಲವತ್ತು ನಿಮಿಷ ಕೂತಿದ್ದ. ಅದೇ ನಲವತ್ತು ನಿಮಿಷ ಈಗ ಅವನನ್ನು ಕಚ್ಚಿ ತಿನ್ನುತ್ತಿದ್ದದ್ದು. ಓಡಿದ್ದಕ್ಕೆ ಏನಾದರೂ ಸಬೂಬು ಹೇಳಬಹುದು. ಕೂತದ್ದಕ್ಕೆ ಏನು ಹೇಳುವುದು? ಒಂದು ಸಲ ಬಾಗಿಲ ಹಿಡಿಗೆ ಕೈ ಹಾಕಿದ, ತೆಗೆಯಲಾಗಲಿಲ್ಲ. ಅಣ್ಣ ಬಂದೇ ಬರುತ್ತಾರೆ, ಬಂದು ಗಾಜು ತಟ್ಟಿ ಏನೋ ಪುಕ್ಕಲ ಎಂದು ನಗುತ್ತಾರೆ ಎಂದು ಕಾದ. ಹೆಗಲಚೀಲದಲ್ಲಿ ರೆಕಾರ್ಡರಿನ ಕೆಂಪು ದೀಪ ಉರಿಯುತ್ತಲೇ ಇತ್ತು.

ವಾಪಸು ಹೋದಾಗ ಅಣ್ಣ ಬಿದ್ದ ಮರಕ್ಕೆ ಒರಗಿ, ಟೋಪಿ ತೊಡೆಯ ಮೇಲಿಟ್ಟುಕೊಂಡು, ತೂಕಡಿಸುವವರ ಹಾಗೆ ಕೂತಿದ್ದರು. ಮೈಮೇಲೆ ಒಂದು ಗೀರೂ ಇರಲಿಲ್ಲ. ಕರಡಿಯ ಹೆಜ್ಜೆ ನಾಲ್ಕು ಮಾರು ಆಚೆಯಿಂದ ತಿರುಗಿ ನೀರಿನ ಕಡೆ ಇಳಿದಿತ್ತು. ಹೃದಯ ನಿಂತಿದೆ ಎಂದರು ಡಾಕ್ಟರು. ಆ ಹೊತ್ತಿನಲ್ಲಿ ಪಕ್ಕದಲ್ಲಿ ಯಾರಾದರೂ ಇದ್ದಿದ್ದರೆ ಎಂದು ಶುರು ಮಾಡಿ, ಕಿವಿಯ ಮುಖ ನೋಡಿ ಅರ್ಧಕ್ಕೇ ನಿಲ್ಲಿಸಿದರು.

*

ಇದೆಲ್ಲವನ್ನೂ ಅವನು ಅತ್ತಿಗೆಗೆ ನಿಂತಲ್ಲೇ ಹೇಳಿದ, ನಲವತ್ತು ನಿಮಿಷವನ್ನೂ ಸೇರಿಸಿ. ಅವರು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಕಾರ್ಡು ಹಾಕಿ, ಒಂದು ಹೆಡ್‌ಫೋನು ತಾವು ತೊಟ್ಟು, ಇನ್ನೊಂದನ್ನು ಅವನ ಕಡೆ ತಳ್ಳಿದರು. ಕಿವಿ ಅದನ್ನು ಕೈಯಲ್ಲಿ ಹಿಡಿದೇ ಇದ್ದ. ಅಣ್ಣ ಬೈದಿರುತ್ತಾರೆ, ಇಲ್ಲ ಕರೆದಿರುತ್ತಾರೆ. ಬೈದಿದ್ದರೆ ತಡೆದುಕೊಳ್ಳಬಹುದು, ಕರೆದಿದ್ದರೆ ಹೇಗೆ? ಕೊನೆಗೆ ತೊಟ್ಟ.

ನೀರಿನ ಸದ್ದು. ಅಣ್ಣನ ನಿಧಾನದ ಉಸಿರು. ದೂರದಲ್ಲಿ ಬುಸ್ಸೆನ್ನುವ ಒಂದು ಸದ್ದು. ಕಾಲರ್ ಮೈಕಿನಲ್ಲಿ ಅದು ನಿಜಕ್ಕೂ ಎಷ್ಟು ದೂರವಿತ್ತೋ ಅಷ್ಟೇ ದೂರ ಕೇಳಿಸಿತು. ಆಮೇಲೆ ಕೋಲು ಬಿದ್ದ ಸದ್ದು, ಒಣಗಿದೆಲೆ ತುಳಿದು, ರೆಂಬೆ ಮುರಿದು ಓಡುವ ಕಾಲುಗಳು. ಪರದೆಯ ಅಂಚಿನ ಗಡಿಯಾರ ಹನ್ನೊಂದು ಸೆಕೆಂಡು ಎಣಿಸಿತು. ಕಾಲುಗಳ ಸದ್ದು ಪೂರ್ತಿ ಅಡಗಿತು. ಅಣ್ಣ ಒಂದು ಸಲ ಉಗುಳು ನುಂಗಿದ್ದು ಸ್ಪಷ್ಟವಾಗಿ ಕೇಳಿಸಿತು. ಆಮೇಲೆ ಅವರು ಮಾತಾಡಿದರು, ಟಿಪ್ಪಣಿ ಹೇಳುವ ಅದೇ ದನಿಯಲ್ಲಿ.

“ಕಿವಿ, ನೀನು ಹೋಗಿ ಜೀಪ್ ಹತ್ರ ಇರು. ನಾನು ಹೇಳೋ ತನಕ ಅಲ್ಲೇ ಇರು, ಬರಬೇಡ. ನಾನಿಲ್ಲಿ ನೋಡ್ಕೋತೀನಿ.”

ಎರಡು ಉಸಿರು. ಆಮೇಲೆ ಇನ್ನೂ ಮೆಲ್ಲಗೆ, ಪ್ರಾಣಿಗಳೊಂದಿಗೆ ಆಡುವ ದನಿಯಲ್ಲಿ: “ಏನಮ್ಮ, ನೀರಿಗೆ ಹೊರಟ್ಯಾ? ಹೋಗು ತಾಯಿ. ನಾನೂ ಹೆದರಿದೀನಿ, ನೀನೂ ಹೆದರಿದೀಯ. ಹೋಗು.” ಅಷ್ಟರಲ್ಲಿ ರೆಕಾರ್ಡರು ತೀರಾ ದೂರವಾಗಿತ್ತು. ಬರೀ ಕರಕರ ಸದ್ದು ಉಳಿಯಿತು.

ಅತ್ತಿಗೆ ಹೆಡ್‌ಫೋನು ತೆಗೆದು ಮೇಜಿನ ಮೇಲಿಟ್ಟರು. ಕೂಗಲಿಲ್ಲ, ನರಳಲಿಲ್ಲ ಎಂದು ತಮಗೆ ತಾವೇ ಎರಡು ಸಲ ಹೇಳಿಕೊಂಡರು. ಎರಡು ರಾತ್ರಿಯ ಭಯ ಅವರ ಹೆಗಲಿನಿಂದ ಇಳಿದದ್ದು ಕಣ್ಣಿಗೆ ಕಾಣಿಸಿತು. ಆಮೇಲೆ ಅವರ ಒಳಗಿನ ಕತ್ತರಿ ಎಚ್ಚರವಾಯಿತು. ಮೂವತ್ತು ವರ್ಷ ಯಾವ ಸದ್ದು ಮೊದಲು, ಯಾವುದು ಆಮೇಲೆ ಎಂದು ನೋಡಿಯೇ ಬದುಕಿದವರು.

“ಮೊದಲು ನೀನು ಓಡಿದೆ. ನಿನ್ನ ಕಾಲಿನ ಸದ್ದು ನಿಂತಮೇಲೆ ಅವರು ಹೋಗು ಅಂದ್ರು” ಅಂದರು. “ನಿನಗೆ ಕೇಳಿಸಲ್ಲ ಅಂತ ಅವರಿಗೆ ಗೊತ್ತು. ಇದು ನಿನಗೆ ಹೇಳಿದ್ದಲ್ಲ, ನನಗೆ ಹೇಳಿದ್ದು. ನಾಳೆ ನಾನು ಕೇಳಿದಾಗ ನಿನ್ನ ಮಾನ ಹೋಗಬಾರದು ಅಂತ. ಕರಡಿ ಎದುರಿಗೆ ನಿಂತಿರುವಾಗ, ಈ ಮನುಷ್ಯ.”

ಕಿವಿ ಗೋಡೆಗೆ ಮುಖ ಮಾಡಿ ಅತ್ತ. ಅತ್ತಿಗೆ ಸಮಾಧಾನ ಮಾಡಲು ಏಳಲಿಲ್ಲ. ನಿನ್ನ ಮೇಲೆ ಸಿಟ್ಟಿದೆ, ಆ ನಲವತ್ತು ನಿಮಿಷ ನಾನು ಸಾಯೋ ತನಕ ಮರೆಯಲ್ಲ ಎಂದು ನೇರವಾಗಿ ಹೇಳಿದರು. ಹೇಳುತ್ತಲೇ ಪರದೆಯ ಮೇಲೆ, ಓಟ ಮುಗಿದು ಮಾತು ಶುರುವಾಗುವ ಜಾಗಕ್ಕೆ ಗುರುತು ಇಟ್ಟರು. “ಇಲ್ಲಿಂದ ಹಾಕು. ಇದು ಅವರು ಕೊನೇ ಸಲ ಮಾಡಿದ ಕೆಲಸ. ನಾನು ಕೆಡಿಸಲ್ಲ.”

ಎರಡೂವರೆಗೆ ಗಂಟಲು ಮೈಕಿನ ಮುಂದೆ ನಿಂತು, ಅಣ್ಣನ ದನಿ ಸಿಕ್ಕಿದೆ ಎಂದ. ಮೇಜಿನ ಹಿಂದೆ ಕಿವಿಯ ಬೆರಳು ಯಂತ್ರದ ಗುಂಡಿಯ ಮೇಲಿತ್ತು. ಗುರುತು ಅತ್ತಿಗೆ ಇಟ್ಟಲ್ಲೇ ಇತ್ತು. ಒತ್ತಿದರೆ ಆಯಿತು, ಜೀವಮಾನವಿಡೀ ಅವನು ಅಣ್ಣ ಕಳಿಸಿದ್ದಕ್ಕೆ ಹೋದವನು. ಒತ್ತು ಅಂದಿತು ಭಯ. ನೀರು ಕುಡಿದ. ಮುಂದಿನ ಕೋಣೆಯ ಬಾಗಿಲಲ್ಲಿ ಬಿಳಿ ಹೊದಿಕೆಯ ಅಂಚು ಕಾಣುತ್ತಿತ್ತು. ಬೆರಳು ತಾನಾಗಿ ಸರಿದು ಗುರುತನ್ನು ಹನ್ನೊಂದು ಸೆಕೆಂಡು ಹಿಂದಕ್ಕೆ ಎಳೆಯಿತು.

ಸ್ಪೀಕರಿನಿಂದ ರೆಂಬೆ ಮುರಿದವು. ಧಡಧಡನೆ ಕಾಲುಗಳು ಓಡಿದವು. ಒಂದು ಮಗು ತಾಯಿಯ ಕತ್ತು ತಬ್ಬಿತು.

“ಕರಡಿ” ಅಂದರು ಸೋದರಮಾವ, ಎಲ್ಲರಿಗೂ ಕೇಳುವ ಹಾಗೆ. “ಕೇಳ್ರೋ, ಕರಡಿ ನುಗ್ಗಿದ್ದು.”

ಹೌದು ಹೌದು ಎಂದು ತಲೆಗಳು ಆಡಿದವು. ಅಷ್ಟರಲ್ಲಿ ಅಣ್ಣನ ದನಿ ಬಂತು. ಜೀಪ್ ಹತ್ರ ಇರು, ನಾನಿಲ್ಲಿ ನೋಡ್ಕೋತೀನಿ. ಅಂಗಳಕ್ಕೆ ಅಂಗಳವೇ ಬಿಕ್ಕಿತು. ಕರಡಿ ನುಗ್ಗಿ ಬರುತ್ತಿರುವಾಗಲೂ ಜೊತೆಗಾರನನ್ನು ಕಳಿಸಿಕೊಟ್ಟ ಮಹಾನುಭಾವ ಎಂದು ಗಂಟಲು ಗದ್ಗದಿತನಾದ. ಯಾರೋ ಬಂದು ಕಿವಿಯ ಬೆನ್ನು ಸವರಿದರು. ನಿನಗೆ ಹೇಗಾಗಿರಬೇಡ ಮಾರಾಯ ಅಂದರು. ಅತ್ತಿಗೆ ಮಾತ್ರ ಕದಲದೆ ಅವನನ್ನೇ ನೋಡುತ್ತಿದ್ದರು. ಗುರುತು ಸರಿದದ್ದು ಅವರಿಗೆ ಮೊದಲ ರೆಂಬೆ ಮುರಿದಾಗಲೇ ಗೊತ್ತಾಗಿತ್ತು.

ಹೀಗಾಗುತ್ತದೆಂದು ಅವನು ಕನಸಿನಲ್ಲೂ ಎಣಿಸಿರಲಿಲ್ಲ. ಸತ್ಯವನ್ನು ಎಲ್ಲರ ಕಿವಿಗೂ ಹಾಕಿದ್ದ, ಅವರು ಅದನ್ನೂ ಕರಡಿಯ ತಲೆಗೆ ಕಟ್ಟಿದರು. ಕಿವಿ ಎದ್ದು ಮೈಕಿನ ಹತ್ತಿರ ಹೋದ. ಸಾವಿರ ಜನರ ಬಾಯಿಗೆ ಮೈಕು ಹಿಡಿದವನು ಒಂದು ಸಲವೂ ಅದರಲ್ಲಿ ಮಾತಾಡಿರಲಿಲ್ಲ. ಬಾಯಿ ತೆರೆದ. ಉಸಿರಷ್ಟೇ ಸ್ಪೀಕರಿನಲ್ಲಿ ದೊಡ್ಡದಾಗಿ ಬಂತು. ಮತ್ತೆ ಪ್ರಯತ್ನಿಸಿದ. ಮೊನ್ನೆಯ ಹಾಗೆಯೇ ಗೇಟಿನ ಕಡೆ ಓಡಿಬಿಡಬೇಕು ಅನಿಸಿತು.

ಅವನು ಓಡಲಿಲ್ಲ. ಯಂತ್ರದ ಹತ್ತಿರ ಬಂದು ಗುರುತನ್ನು ಮತ್ತೆ ಹಿಂದಕ್ಕೆಳೆದು ಗುಂಡಿ ಒತ್ತಿದ. ಒತ್ತಿ, ಮೇಜು ಬಳಸಿ ಬಂದು, ಕುರ್ಚಿಗಳ ಮುಂದಿನ ಖಾಲಿ ಜಾಗದಲ್ಲಿ ಎಲ್ಲರಿಗೂ ಕಾಣುವಂತೆ ನಿಂತ. ಸ್ಪೀಕರಿನಲ್ಲಿ ಕಾಲುಗಳು ಓಡತೊಡಗಿದವು. ಕಿವಿ ಬಗ್ಗಿ, ಎರಡೂ ಕೈಯಿಂದ, ಮೊನ್ನೆಯ ತೊರೆಯ ಒಣ ಕೆಸರು ಮೆತ್ತಿಕೊಂಡಿದ್ದ ತನ್ನ ಬೂಟುಗಳನ್ನು ತೋರಿಸಿದ. ಸೋದರಮಾವ ಏನೋ ಹೇಳಲು ಬಾಯಿ ತೆರೆದವರು ಹಾಗೇ ಮುಚ್ಚಿದರು. ಅಂಗಳದ ಕಣ್ಣೆಲ್ಲ ನಿಂತಲ್ಲೇ ನಿಂತ ಆ ಬೂಟುಗಳ ಮೇಲಿತ್ತು, ಮತ್ತು ಸ್ಪೀಕರಿನಲ್ಲಿ ಅವು ದೂರ ದೂರ ಓಡುತ್ತಲೇ ಇದ್ದವು.